ಲಿಬಿಯಾಕ್ಕೆ ಯುದ್ಧನೌಕೆ ಯಾಕೆ ಬೇಕಿತ್ತು?

"2011ರಲ್ಲಿ ಲಿಬಿಯಾದಿಂದ ಭಾರತೀಯರನ್ನು ಕರೆತರಲು ನೌಕಾಪಡೆ ಕಳಿಸಿದ್ದು ಬರೀ ತೋರಿಕೆಗಾ? ವಿಮಾನ ಸಾಕಿತ್ತಲ್ವಾ?" ಎಂದು ಕೇಳಿದ್ದೀರಿ. ನಾನು ಆಗ ಬೆಂಗಾಜಿಯಲ್ಲಿ ವೆಲ್ಡರ್ ಆಗಿದ್ದೆ. ಕಂಡದ್ದು, ಆಮೇಲೆ ಓದಿ ತಿಳಿದದ್ದು ಎರಡನ್ನೂ ಸೇರಿಸಿ ಹೇಳುತ್ತೇನೆ.

ನಿಜ ಹೇಳಬೇಕೆಂದರೆ ನನ್ನನ್ನು ಕರೆತಂದದ್ದು ಯುದ್ಧನೌಕೆ ಅಲ್ಲ. ಸರ್ಕಾರ ಬಾಡಿಗೆಗೆ ಹಿಡಿದಿದ್ದ ಸ್ಕಾಟಿಯಾ ಪ್ರಿನ್ಸ್ ಎಂಬ ಪ್ರಯಾಣಿಕರ ಹಡಗು. ಫೆಬ್ರವರಿ ಮಧ್ಯದಲ್ಲಿ ಲಿಬಿಯಾ ಆಳುತ್ತಿದ್ದ ಗದ್ದಾಫಿ ವಿರುದ್ಧ ದಂಗೆ ಶುರುವಾದದ್ದೇ ಬೆಂಗಾಜಿಯಲ್ಲಿ. ಅಲ್ಲಿನ ವಿಮಾನ ನಿಲ್ದಾಣ ಕೆಲಸಕ್ಕೆ ಬಾರದ ಹಾಗಾಗಿತ್ತು, ರಾಜಧಾನಿ ಟ್ರಿಪೋಲಿಗೆ ರಸ್ತೆಯಲ್ಲಿ ಹೋಗೋಣ ಅಂದರೆ ಸಾವಿರ ಕಿಲೋಮೀಟರ್, ನಡುವೆ ಎರಡೂ ಕಡೆಯವರ ಬಂದೂಕು. ನಮ್ಮ ಪಾಲಿಗೆ ಉಳಿದದ್ದು ಸಮುದ್ರ ಒಂದೇ. ಪಾಸ್‌ಪೋರ್ಟ್ ಕಂಪನಿಯವರ ಬೀರುವಿನಲ್ಲಿತ್ತು, ಮ್ಯಾನೇಜರ್ ನಮಗಿಂತ ಮೊದಲೇ ಜಾಗ ಖಾಲಿ ಮಾಡಿದ್ದ. ಆಮೇಲೆ ಬಿಳಿ ಕಾಗದದ ತಾತ್ಕಾಲಿಕ ಪತ್ರ ಹಿಡಿದು ಹಡಗು ಹತ್ತಿದೆ. ಈಜಿಪ್ಟಿನ ಅಲೆಕ್ಸಾಂಡ್ರಿಯಾದಲ್ಲಿ ಇಳಿದು, ಅಲ್ಲಿಂದ ವಿಮಾನ. ಟ್ರಿಪೋಲಿಯಲ್ಲಿದ್ದವರಿಗೆ ಫೆಬ್ರವರಿ 26ರಿಂದಲೇ ಏರ್ ಇಂಡಿಯಾ ಸಿಕ್ಕಿತ್ತು.

ಅದೇ 26ರಂದು ಮುಂಬೈನಿಂದ ಐಎನ್‌ಎಸ್ ಜಲಾಶ್ವ ಮತ್ತು ಐಎನ್‌ಎಸ್ ಮೈಸೂರು ಹೊರಟವು. ಅರಬ್ಬಿ ಸಮುದ್ರ, ಕೆಂಪು ಸಮುದ್ರ, ಸೂಯೆಜ್ ಕಾಲುವೆ ಎಲ್ಲ ದಾಟಿ ಬರಬೇಕು, ಸುಮ್ನೆ ಆಗುವ ಮಾತಲ್ಲ. ಅವು ಬರುವಷ್ಟರಲ್ಲಿ ಮಾರ್ಚ್ ಎರಡನೇ ವಾರ, ಲಿಬಿಯಾದಲ್ಲಿದ್ದ ಸುಮಾರು 18,000 ಭಾರತೀಯರಲ್ಲಿ ಹೆಚ್ಚಿನವರು ಆಗಲೇ ಮನೆ ಸೇರಿದ್ದರು. ತಡವಾಯಿತು ಅನ್ನುವುದು ನಿಜ, ಆದರೆ "ತೋರಿಕೆ" ಅನ್ನುವುದನ್ನು ನಾನು ಒಪ್ಪುವುದಿಲ್ಲ.

ಯಾಕೆಂದರೆ ಆ 26ರಂದು ಕೂತು ಯೋಚಿಸಿ. ಟ್ರಿಪೋಲಿಯಲ್ಲಿ ವಿಮಾನ ಇಳಿಸಲು ಅನುಮತಿ ಕೊಡಬೇಕಾದದ್ದು ಗದ್ದಾಫಿ ಸರ್ಕಾರ. ನಾಳೆ ಬೇಡ ಅಂದರೆ? ಬಾಡಿಗೆ ಹಡಗಿನ ಮಾಲೀಕ ಗುಂಡಿನ ಸದ್ದಿಗೆ ಹೆದರಿ ಬರಲ್ಲ ಅಂದರೆ? ಜಲಾಶ್ವದ ಕಥೆ ಬೇರೆ. ಅಮೆರಿಕದಿಂದ ಕೊಂಡು 2007ರಲ್ಲಿ ನಮ್ಮ ನೌಕಾಪಡೆಗೆ ಸೇರಿದ ಹಳೇ ಹಡಗು ಅದು, ಸಾವಿರದಷ್ಟು ಸೈನಿಕರನ್ನು ಹೊರುವಂಥದ್ದು. ಹೊಟ್ಟೆಯೊಳಗೇ ಸಣ್ಣ ಹಡಗುಗಳಿವೆ, ಹೆಲಿಕಾಪ್ಟರ್ ಇಳಿಯುತ್ತದೆ, ಆಪರೇಷನ್ ಥಿಯೇಟರ್ ಕೂಡ ಇದೆ. ಬಂದರು ಮುಚ್ಚಿದ್ದರೂ ದೂರ ಸಮುದ್ರದಲ್ಲೇ ನಿಂತು ದಡದಿಂದ ಜನರನ್ನು ಎತ್ತಿಕೊಳ್ಳಬಹುದು. ಕೊನೆಗೆ ಟ್ರಿಪೋಲಿಯಲ್ಲಿ ಉಳಿದಿದ್ದ ಸ್ವಲ್ಪ ಜನರನ್ನು ಅದು ಮಾಲ್ಟಾಕ್ಕೆ ಸಾಗಿಸಿತು. ಮಾರ್ಚ್ 19ಕ್ಕೆ ಲಿಬಿಯಾ ಮೇಲೆ ಪಾಶ್ಚಾತ್ಯ ದೇಶಗಳ ಬಾಂಬ್ ದಾಳಿ ಶುರುವಾಯಿತು ನೋಡಿ!

ತಡವಾದದ್ದಕ್ಕೆ ಕಾರಣ ಬರೀ ದೂರ. 2006ರಲ್ಲಿ ಲೆಬನಾನ್ ಯುದ್ಧದ ಹೊತ್ತಿಗೆ ನಮ್ಮ ನಾಲ್ಕು ನೌಕೆಗಳು ಮೆಡಿಟರೇನಿಯನ್ ಸುತ್ತಿ ವಾಪಸ್ ಬರುತ್ತಿದ್ದವು, ತಿರುಗಿಸಿ ಬೈರುತ್‌ಗೆ ಕಳಿಸಿದರು. ವಿಮಾನ ನಿಲ್ದಾಣಕ್ಕೆ ಬಾಂಬ್ ಬಿದ್ದಿದ್ದರೂ 2,000ಕ್ಕಿಂತ ಜಾಸ್ತಿ ಜನರನ್ನು ಸೈಪ್ರಸ್‌ಗೆ ತಲುಪಿಸಿದರು. ಅವರಲ್ಲಿ ನೇಪಾಳ, ಶ್ರೀಲಂಕಾದವರೂ ಇದ್ದರು. ಲಿಬಿಯಾದ ಸಲ ಆ ಅದೃಷ್ಟ ಇರಲಿಲ್ಲ, ಅಷ್ಟೇ.

ಅಂದಹಾಗೆ, ಬಂದರಿನಲ್ಲಿ ಕಾಯುವಾಗ "ಮೈಸೂರು ಅನ್ನೋ ಹಡಗು ಹೊರಟಿದೆಯಂತೆ" ಎಂದು ಯಾರೋ ಸುದ್ದಿ ತಂದಿದ್ದರು. ಹತ್ತಿದರೆ ಅದನ್ನೇ ಹತ್ತಬೇಕು ಎಂದು ನಾವು ಮೂರು ಜನ ಕನ್ನಡದವರು ಹಟ ಹಿಡಿದಿದ್ದೆವು. ಅದನ್ನು ನಾನು ನೋಡಿದ್ದು ಪೇಪರಿನ ಫೋಟೋದಲ್ಲಿ, ಊರಿಗೆ ಬಂದ ಮೇಲೆ.