ಹಳೇ ಕಟ್ಟಡದ ಸ್ಕ್ರಿಪ್ಟು: ಉಳಿಸುವ ಕೆಲಸ ಎಲ್ಲಿದೆ?

ನಮಸ್ಕಾರ.

ಹಳೇ ಕಟ್ಟಡವೊಂದನ್ನು ಉಳಿಸಿಕೊಂಡ ಬಗ್ಗೆ ನೀವು ಕಳಿಸಿದ ಸಾಕ್ಷ್ಯಚಿತ್ರದ ಸ್ಕ್ರಿಪ್ಟು ಓದಿದೆ. ಈಗ ಇರುವ ಹಾಗೆ ಇದನ್ನು ತೆಗೆದುಕೊಳ್ಳಲು ಆಗುವುದಿಲ್ಲ. ಆದರೆ ಕೈಬಿಡಬೇಡಿ, ಇದರೊಳಗೆ ಒಳ್ಳೆಯ ಚಿತ್ರವೊಂದು ಇದೆ.

ನೀವು ಕಟ್ಟಡವನ್ನು ಹೊಗಳುತ್ತೀರಿ, ಹಾಳಾಯಿತೆಂದು ಮರುಗುತ್ತೀರಿ. ಉಳಿಸುವ ಕೆಲಸ ಮಾತ್ರ ಕಾಣುವುದೇ ಇಲ್ಲ. ಮೊದಲ ಪುಟಗಳ ತುಂಬ ಡ್ರೋನ್ ದೃಶ್ಯ, ಕೊಳಲು, ‘ಗತವೈಭವ’. ಗೋಡೆ ನೋಡುಗರ ಕಣ್ಣ ಮುಂದೆಯೇ ಇರುತ್ತದೆ ಅಲ್ವಾ? ಅದು ಚೆನ್ನಾಗಿದೆ ಅಂತ ನಿರೂಪಕರು ಯಾಕೆ ಹೇಳಬೇಕು?

ಏಳನೇ ಪುಟದಲ್ಲಿ ಒಂದು ಸಾಲಿದೆ: ‘ಹಿಂದೆ ಮೆತ್ತಿದ್ದ ಸಿಮೆಂಟು ಕೆತ್ತಿ ತೆಗೆದು ಸುಣ್ಣದ ಗಾರೆ ಹಾಕಲಾಯಿತು.’ ಅಷ್ಟು ಹೇಳಿ ಮುಂದಕ್ಕೆ ಹೋಗಿಬಿಟ್ಟಿದ್ದೀರಿ. ಚಿತ್ರ ಇರುವುದೇ ಅಲ್ಲಿ. ಸುಣ್ಣದ ಗಾರೆ ಗೋಡೆಯ ತೇವವನ್ನು ಹೊರಗೆ ಬಿಡುತ್ತದೆ. ಸಿಮೆಂಟು ಅಷ್ಟು ಸುಲಭವಾಗಿ ಬಿಡುವುದಿಲ್ಲ. ಆಗ ತೇವ ಮೆತ್ತನೆಯ ಹಳೇ ಇಟ್ಟಿಗೆಯಲ್ಲೇ ದಾರಿ ಹುಡುಕುತ್ತದೆ. ಅದರ ಜೊತೆ ಬಂದ ಉಪ್ಪು ಅಲ್ಲೇ ಹರಳುಗಟ್ಟಿ, ಇಟ್ಟಿಗೆಯ ಮೈ ಪುಡಿಪುಡಿಯಾಗಿ ಉದುರುತ್ತದೆ. ಭದ್ರವಾಗಲಿ ಅಂತ ಹಾಕಿದ್ದೇ ಗೋಡೆಯನ್ನು ತಿನ್ನುತ್ತದೆ. ಇದನ್ನು ಹತ್ತಿರದಿಂದ ತೋರಿಸಿ. ಮೇಸ್ತ್ರಿ ಹೆಬ್ಬೆರಳಿಂದ ಉಜ್ಜಿದರೆ ಇಟ್ಟಿಗೆಯ ಪುಡಿ ಉದುರುವುದು, ಗೋಡೆಗೆ ನೀರು ಚಿಮುಕಿಸಿ ಹೊಸ ಗಾರೆ ಮೆತ್ತುವುದು, ಬೇಗ ಒಣಗದಿರಲಿ ಅಂತ ಒದ್ದೆ ಗೋಣಿ ಹೊದಿಸುವುದು. ಸುಣ್ಣ ಗಾಳಿಯ ಇಂಗಾಲದ ಡೈಆಕ್ಸೈಡ್ ಹೀರಿಕೊಂಡು ಬಹಳ ನಿಧಾನವಾಗಿ ಗಟ್ಟಿಯಾಗುತ್ತದೆ. ಹಾಗಾಗಿ ಒಂದು ದಿನ ಶೂಟ್ ಮಾಡಿ ಬಂದರೆ ಸಾಲದು. ಅದೇ ಜಾಗದಲ್ಲಿ ಕ್ಯಾಮೆರಾ ಇಟ್ಟು ತಿಂಗಳುಗಟ್ಟಲೆ ಅದೇ ಗೋಡೆಯನ್ನು ಮತ್ತೆ ಮತ್ತೆ ತೆಗೆಯಿರಿ.

ಬಿದ್ದುಹೋದ ಮಹಡಿಯನ್ನು ಫೋಟೊ ನೋಡಿ ಕಟ್ಟಿ ‘ಮೂಲ ರೂಪ ಮರಳಿ ಬಂತು’ ಅಂದಿದ್ದೀರಿ. ಇಷ್ಟು ಸಲೀಸಾಗಿ ದಾಟಬೇಡಿ. ಊಹೆ ಶುರುವಾದ ಕಡೆ ಜೀರ್ಣೋದ್ಧಾರ ನಿಲ್ಲಬೇಕು ಅನ್ನುತ್ತದೆ ಹಳೇ ಕಟ್ಟಡಗಳ ಸಂರಕ್ಷಣೆಯ ತತ್ವಗಳನ್ನು ಹೇಳುವ ಅಂತರರಾಷ್ಟ್ರೀಯ ದಾಖಲೆ, 1964ರ ವೆನಿಸ್ ಸನ್ನದು. ಇನ್ನೊಂದು ಕಡೆ, ಎರಡನೇ ಮಹಾಯುದ್ಧದಲ್ಲಿ ನೆಲಸಮವಾದ, ಪೋಲೆಂಡಿನ ರಾಜಧಾನಿ ವಾರ್ಸಾದ ಹಳೇ ಪೇಟೆಯನ್ನು ಮತ್ತೆ ಕಟ್ಟಿದರು, 18ನೇ ಶತಮಾನದ ಕಲಾವಿದ ಬೆಲ್ಲೊಟ್ಟೊ ಬರೆದ ಚಿತ್ರಗಳನ್ನೂ ನೋಡಿಕೊಂಡು. 1980ರಲ್ಲಿ ಅದು ಯುನೆಸ್ಕೊದ ವಿಶ್ವ ಪರಂಪರೆಯ ಪಟ್ಟಿಗೂ ಸೇರಿತು. ನಿಮ್ಮ ಮಹಡಿಯ ವಿಷಯದಲ್ಲಿ ಫೋಟೊದಲ್ಲಿ ಕಾಣದ ಭಾಗವನ್ನು ಯಾರು, ಏನು ನೋಡಿ ತೀರ್ಮಾನಿಸಿದರು? ಆ ವಾದ ನಡೆದಾಗ ಕ್ಯಾಮೆರಾ ಅಲ್ಲಿತ್ತಾ? ಇದ್ದರೆ ಪೂರ್ತಿ ಹಾಕಿ.

ಮಾಲೀಕರನ್ನು ಸುಮ್ನೆ ಖಳನಾಯಕ ಮಾಡಿದ್ದು ನನಗೆ ಸರಿ ಕಾಣಲಿಲ್ಲ. ಸೋರುವ ಸೂರಿನ ಕೆಳಗೆ ಇಷ್ಟು ವರ್ಷ ಬದುಕಿದವರು ಅವರು. ಕೆಡವಿಬಿಡೋಣ ಅಂತ ಯಾಕೆ ಅನ್ನಿಸಿತು ಅಂತ ಕೇಳಿ, ಉತ್ತರಕ್ಕೆ ಕತ್ತರಿ ಹಾಕಬೇಡಿ.

ಡ್ರೋನ್ ದೃಶ್ಯ ಒಂದೇ ಸಾಕು. ಕೊಳಲು ತೆಗೆದು ಕರಣೆಯ ಸದ್ದು ಇಡಿ. ಏಳನೇ ಪುಟದ ಆ ಸಾಲಿನಿಂದಲೇ ಶುರುಮಾಡಿ ಹೊಸದಾಗಿ ಬರೆದು ಕಳಿಸಿ, ಖಂಡಿತ ಓದುತ್ತೇನೆ.