ಅವರೊಬ್ಬರದ್ದೇ ಅಲ್ಲದ ಸಿನಿಮಾ

ಪತ್ರ: ಕಳೆದ ಸಂಚಿಕೆಯಲ್ಲಿ ಐಸ್‌ಲ್ಯಾಂಡಿನ ಗಾಯಕಿ ಬ್ಯೋರ್ಕ್ ಬಗ್ಗೆ ಎರಡು ಪುಟ ಬರೆದಿರಿ. ಮುಕ್ಕಾಲು ಭಾಗ 1982ರ ‘ರೋಕ್ ಇ ರೇಕ್ಯವಿಕ್’ ಸಾಕ್ಷ್ಯಚಿತ್ರಕ್ಕೇ ಹೋಯಿತು. ಅದರಲ್ಲಿ ಅವರು ಕಾಣಿಸುವುದು ಸ್ವಲ್ಪ ಹೊತ್ತು ಮಾತ್ರ. ಅವರದೇ ಸಂಗೀತ ಕಾರ್ಯಕ್ರಮದ ಚಿತ್ರ, 2014ರ ‘ಬಯೋಫಿಲಿಯಾ ಲೈವ್’ಗೆ ಒಂದೇ ಸಾಲು. ಇದ್ಯಾವ ನ್ಯಾಯ?
– ಓದುಗರೊಬ್ಬರು, ಧಾರವಾಡ

ಸಂಪಾದಕರ ಉತ್ತರ: ಇಷ್ಟು ಗಮನವಿಟ್ಟು ಓದಿ ಜಗಳ ತೆಗೆಯುವ ಓದುಗರು ಸಿಕ್ಕರೆ ನನಗೆ ಹಬ್ಬ. ‘ಬಯೋಫಿಲಿಯಾ ಲೈವ್’ ಚೆನ್ನಾಗಿದೆ, ಒಪ್ಪಿದೆ. ಆದರೆ ಅದು ಬರುವ ಹೊತ್ತಿಗೆ ಬ್ಯೋರ್ಕ್ ಯಾರು ಅಂತ ಜಗತ್ತಿಗೇ ಗೊತ್ತಿತ್ತು.

‘ರೋಕ್ ಇ ರೇಕ್ಯವಿಕ್’ನ ನಿರ್ದೇಶಕ ಫ್ರಿಡ್ರಿಕ್ ಥೋರ್ ಫ್ರಿಡ್ರಿಕ್‌ಸನ್ 1981–82ರ ಚಳಿಗಾಲದಲ್ಲಿ ಕ್ಯಾಮೆರಾ ಹಿಡಿದು ಹೊರಟಾಗ ಹಾಗಿರಲಿಲ್ಲ. ಸಿನಿಮಾ ಶುರುವಾಗುವುದೇ ಸ್ವೇಯ್ನ್‌ಬ್ಯೋರ್ನ್ ಬೇಯ್ನ್‌ಟೇಯ್ನ್‌ಸನ್ ಎಂಬ ಗಡ್ಡದ ಅಜ್ಜನಿಂದ. ಅವರು ತಮ್ಮ ನಾಡಿನ ಹಳೇ ‘ರೀಮುರ್’ ಪದ ಹಾಡುತ್ತಾರೆ. ಆಮೇಲೆ ಒಂದರ ಹಿಂದೆ ಒಂದು ಪಂಕ್ ತಂಡ, ಅಂದರೆ ಒರಟು, ಅಬ್ಬರದ ರಾಕ್ ಸಂಗೀತದವರು. ಆ ಸಾಲಿನಲ್ಲಿ ಬ್ಯೋರ್ಕ್ ಹಾಡುತ್ತಿದ್ದ ‘ಟಪ್ಪಿ ಟೀಕರಾಸ್’ ಕೂಡ ಒಂದು. ಹದಿನಾರರ ಹುಡುಗಿ, ಗೊಂಬೆಗೆ ಬಳಿದ ಹಾಗೆ ಕೆನ್ನೆಗೆ ಕೆಂಪು ಬಣ್ಣ, ಎದೆಯಾಳದಿಂದ ಬರುವ ಕೂಗು. ಕ್ಯಾಮೆರಾ ಅವಳಿಗೆಂದೇ ಬಂದಿದ್ದಲ್ಲ, ಉಳಿದವರ ಜೊತೆ ಅವಳನ್ನೂ ನೋಡಿ ಮುಂದಕ್ಕೆ ಹೋಗುತ್ತದೆ.

ಇನ್ನೊಂದು ವಿಷಯ ನಿಮ್ಮ ಕಣ್ಣಿಗೆ ಬಿದ್ದಿಲ್ಲ ಅನ್ನಿಸುತ್ತೆ. ಇದೇ ಸಿನಿಮಾದಲ್ಲಿ ‘ಪುರ್ಕುರ್ ಪಿಲ್ನಿಕ್’ ತಂಡದ ಐನಾರ್ ಓರ್ನ್ ಇದ್ದಾರೆ, ‘ಥೇಯ್ರ್’ ತಂಡದ ಸಿಗ್ಟ್ರಿಗ್ಗುರ್ ಬಾಲ್ಡುರ್ಸನ್ ಇದ್ದಾರೆ. 1986ರಲ್ಲಿ ಬ್ಯೋರ್ಕ್ ಜೊತೆ ‘ಶುಗರ್‌ಕ್ಯೂಬ್ಸ್’ ತಂಡ ಕಟ್ಟಿದವರಲ್ಲಿ ಇವರಿಬ್ಬರೂ ಸೇರಿದ್ದರು. ಆಗ ಇಡೀ ದೇಶದ ಜನಸಂಖ್ಯೆ ಎರಡೂವರೆ ಲಕ್ಷವೂ ಇರಲಿಲ್ಲ. ಅಂಥ ಊರಲ್ಲಿ ಕಲಾವಿದೆಯೊಬ್ಬಳು ಹೇಗೆ ತಯಾರಾದಳು ಅಂತ ನೋಡಬೇಕಾದರೆ ಅವಳ ಸುತ್ತ ಇದ್ದವರೂ ಕಾಣಬೇಕು, ಅಲ್ವಾ?

ಅಲ್ಲಿನ ಟಿವಿಯೂ ದೇಶದ ಹಾಗೇ ಪುಟ್ಟದಾಗಿತ್ತು. ಸರ್ಕಾರಿ ಟಿವಿ ಶುರುವಾಗಿದ್ದು 1966ರಲ್ಲಿ. 1987ರವರೆಗೆ ಗುರುವಾರ ಪ್ರಸಾರವೇ ಇಲ್ಲ! 1988ರ ಒಂದು ಟಿವಿ ತುಣುಕಿನಲ್ಲಿ ಬ್ಯೋರ್ಕ್ ಟಿವಿ ಪೆಟ್ಟಿಗೆಯನ್ನೇ ಬಿಚ್ಚಿ ಕೂತಿದ್ದಾರೆ. ಒಳಗಿನ ವೈರು, ಬಿಡಿಭಾಗ ತೋರಿಸುತ್ತಾ, ಇದು ಪುಟ್ಟ ಪಟ್ಟಣದ ಹಾಗಿದೆ ಅನ್ನುತ್ತಾರೆ. ಟಿವಿ ಬಗ್ಗೆ ಕವಿಯೊಬ್ಬರು ಹೇಳಿದ್ದು ಕೇಳಿ ಹೆದರಿದ್ದೆ, ಆಮೇಲೆ ಪುಸ್ತಕ ಓದಿ ಭಯ ಹೋಯಿತು ಅಂತಲೂ ಹೇಳುತ್ತಾರೆ. ಅವಸರವಿಲ್ಲದೆ ಒಬ್ಬರ ಕುತೂಹಲವನ್ನು ಹೀಗೆ ತೋರಿಸುವ ಕಾರ್ಯಕ್ರಮ ಈಗ ಎಲ್ಲಿದೆ ಹೇಳಿ.

ನನ್ನ ಸಂಕಟ ಇದೇ. ಈಗಿನ ಎಷ್ಟೋ ಸಾಕ್ಷ್ಯಚಿತ್ರಗಳಿಗೆ ತಾರೆಯೇ ನಿರ್ಮಾಪಕ. ಗೆಳೆಯರು ಸಾಲಾಗಿ ಕೂತು ಹೊಗಳುತ್ತಾರೆ. ನಮ್ಮಲ್ಲೂ ಅಷ್ಟೇ, ಪ್ರಶಸ್ತಿ ಬಂದ ಮೇಲೆ ಕ್ಯಾಮೆರಾ ಮನೆಗೆ ಬರುತ್ತದೆ. ಅಷ್ಟರಲ್ಲಿ ಹಾಡುವವರ ಗಂಟಲು ಹೋಗಿರುತ್ತದೆ, ಜೊತೆಗಿದ್ದವರೂ ಚದುರಿರುತ್ತಾರೆ. ಹದಿನಾರನೇ ವಯಸ್ಸಿನ ಒಂದು ಅಡಿ ಫಿಲಂ ಹುಡುಕಿದರೂ ಸಿಗುವುದಿಲ್ಲ.

ಮುಂದಿನ ಸಂಚಿಕೆಯಲ್ಲಿ ಐಸ್‌ಲ್ಯಾಂಡಿನ ಸಂಗೀತದ ಮೇಲಿನ 2005ರ ಸಾಕ್ಷ್ಯಚಿತ್ರ ‘ಗರ್ಗಾಂಡಿ ಸ್ನಿಲ್ಡ್’ ಬಗ್ಗೆ ಬರೆಯುತ್ತೇವೆ. ಅದರಲ್ಲೂ ಬ್ಯೋರ್ಕ್ ಹಲವರಲ್ಲಿ ಒಬ್ಬರು. ಮೊದಲು ಸಿನಿಮಾ ನೋಡಿ, ಆಮೇಲೆ ಇನ್ನೊಂದು ಪತ್ರ ಬರೆಯಿರಿ.