ಪೊರೆ ಆಪರೇಷನ್ ಆಗಿ ಹತ್ತು ದಿನ, ಕಣ್ಣು ಚೆನ್ನಾಗಿದೆ. ಅಮ್ಮನ ಸ್ಟಿರಾಯ್ಡ್ ಡ್ರಾಪ್ಸ್ ನಿಲ್ಲಿಸಬಹುದಾ?

ಬೇಡ, ನೀವಾಗೇ ನಿಲ್ಲಿಸಬೇಡಿ. ಕಣ್ಣು ಚೆನ್ನಾಗಿ ಕಾಣ್ತಿರೋದೇ ಆ ಡ್ರಾಪ್ಸ್ ಒಳಗಿನ ಉರಿಯೂತವನ್ನು ಅದುಮಿ ಹಿಡಿದಿರೋದರಿಂದ ಇರಬಹುದು, ತಟ್ಟನೆ ಬಿಟ್ಟರೆ ಅದು ಮತ್ತೆ ತಲೆ ಎತ್ತಬಹುದು. ಸಾಮಾನ್ಯವಾಗಿ ಪ್ರೆಡ್ನಿಸೋಲೋನ್ ಅನ್ನೋ ಸ್ಟಿರಾಯ್ಡ್‌ನ 1% ಡ್ರಾಪ್ಸ್ ಕೊಡುತ್ತಾರೆ. ಮೊದಲು ದಿನಕ್ಕೆ ನಾಲ್ಕರಿಂದ ಆರು ಸಲ, ಆಮೇಲೆ ವಾರವಾರ ಇಳಿಸುತ್ತಾ 4-6 ವಾರಕ್ಕೆ ಮುಗಿಸುತ್ತಾರೆ. ಚೀಟಿಯಲ್ಲಿ ಬರೆದಿರೋ ಲೆಕ್ಕವೇ ನಿಮ್ಮ ಲೆಕ್ಕ. ಅಂದಹಾಗೆ ಬಾಟಲಿ ಅಲ್ಲಾಡಿಸಿ ಹಾಕಿ, ಔಷಧಿ ತಳದಲ್ಲಿ ಕೂತಿರುತ್ತದೆ. ಇದನ್ನು ಎಷ್ಟೋ ಜನ ಮಾಡೋದೇ ಇಲ್ಲ!

ಸೈಡ್ ಎಫೆಕ್ಟ್ ಇದೆಯಾ ಅಂದರೆ, ಇದೆ. ಮುಖ್ಯವಾದದ್ದು ಕಣ್ಣಿನ ಒತ್ತಡ ಏರೋದು. ಕೆಲವರಲ್ಲಿ ಕೆಲವು ವಾರ ಹಾಕಿದ ಮೇಲೆ ಒತ್ತಡ ಜಾಸ್ತಿ ಆಗುತ್ತದೆ, ನೋವೂ ಇರೋದಿಲ್ಲ, ಹಾಗಾಗಿ ಅಳತೆ ಮಾಡದೆ ಗೊತ್ತಾಗೋದೇ ಇಲ್ಲ. ಮನೆಯಲ್ಲಿ ಯಾರಿಗಾದರೂ ಗ್ಲಾಕೋಮಾ (ಹೆಚ್ಚಾಗಿ ಒತ್ತಡದಿಂದ ಕಣ್ಣಿನ ನರ ಹಾಳಾಗೋ ಕಾಯಿಲೆ) ಇದ್ದರೆ ಡಾಕ್ಟರಿಗೆ ಮೊದಲೇ ಹೇಳಿ, ಚೆಕಪ್ ತಪ್ಪಿಸಬೇಡಿ. ಸೋಂಕು ತಗಲೋ ಅಪಾಯವೂ ಸ್ವಲ್ಪ ಹೆಚ್ಚು, ಅದಕ್ಕೇ ಜೊತೆಗೆ ಆಂಟಿಬಯೋಟಿಕ್ ಡ್ರಾಪ್ಸ್ ಇರುತ್ತದೆ. ಎರಡರ ನಡುವೆ ಐದು ನಿಮಿಷ ಬಿಡಿ.

ತಮಾಷೆ ಅಂದರೆ, ಸ್ಟಿರಾಯ್ಡ್ ತುಂಬಾ ಕಾಲ ತಗೊಂಡರೆ ಪೊರೆ ಬರಬಹುದು. ಅಮ್ಮನಿಗೆ ಕೃತಕ ಲೆನ್ಸ್ ಹಾಕಿರೋ ಕಣ್ಣಲ್ಲಿ ಆ ಭಯ ಇಲ್ಲ, ಆದರೆ ಉಳಿದ ಬಾಟಲಿಯನ್ನು ಇನ್ನೊಂದು ಕಣ್ಣಿಗೋ ಅಪ್ಪನ ಕಣ್ಣಿಗೋ ಸುಮ್ನೆ ಹಾಕಬೇಡಿ.

ನೋವೋ ಕೆಂಪೋ ಹೆಚ್ಚಾದರೆ, ಇಲ್ಲವೇ ದೃಷ್ಟಿ ಮಂಜಾದರೆ ಫೋನಲ್ಲಿ ಕೇಳ್ತಾ ಕೂರದೆ ಅವತ್ತೇ ಆಸ್ಪತ್ರೆಗೆ ಹೋಗಿ.